ಕುಲ ಕೇಳಿದವರು ಮತ್ತು ವಾನ್ ಡರ್ ವೈಕ್ ಹಡಗು

ಧರ್ಮೋಪದೇಶವನ್ನೇ ಬಾಳಿನ ಕಾಯಕವಾಗಿ ಮಾಡಿಕೊಂಡ ವಿದ್ವಾಂಸರೊಬ್ಬರು ಪ್ರೇಮಕಥೆಯನ್ನು ಬರೆಯಬಹುದೆ? ಇಂಡೋನೇಷ್ಯಾದ ಸುಮಾತ್ರಾ ದ್ವೀಪದಲ್ಲಿ 1930ರ ದಶಕದ ಕೊನೆಯಲ್ಲಿ ಈ ಪ್ರಶ್ನೆ ಗಟ್ಟಿಯಾಗಿಯೇ ಎದ್ದಿತು. ಪ್ರಶ್ನೆಗೆ ಗುರಿಯಾದವರು ಹಾಜಿ ಅಬ್ದುಲ್ ಮಲಿಕ್ ಕರೀಮ್ ಅಮ್ರುಲ್ಲಾ. ಈ ದೀರ್ಘನಾಮದ ಮೊದಲಕ್ಷರಗಳನ್ನು ಕೂಡಿಸಿ ಲೋಕ ಅವರನ್ನು ಹಮ್ಕಾ ಎಂದು ಕರೆಯಿತು. 1908ರಲ್ಲಿ ಪಶ್ಚಿಮ ಸುಮಾತ್ರಾದ ಮನಿಂಜಾವ್ ಸರೋವರದ ತೀರದಲ್ಲಿ ಹುಟ್ಟಿದ ಹಮ್ಕಾ ಸುಧಾರಣಾವಾದಿ ಧರ್ಮಗುರುವೊಬ್ಬರ ಮಗ. ಶಾಲೆಯ ಮೆಟ್ಟಿಲು ಹತ್ತಿದ್ದಕ್ಕಿಂತ ಸ್ವಂತ ಓದಿನಿಂದ ಬೆಳೆದದ್ದೇ ಹೆಚ್ಚು. ಮುಂದೆ 1964ರಲ್ಲಿ ಸೆರೆಮನೆ ಸೇರಿದಾಗ ಅಲ್ಲಿಯೇ ಕುಳಿತು ಮೂವತ್ತು ಭಾಗಗಳ ಕುರಾನ್ ವ್ಯಾಖ್ಯಾನದ ಬಹುಪಾಲನ್ನು ಬರೆದರು. 1975ರಲ್ಲಿ ಆ ದೇಶದ ಉಲೇಮಾ ಮಂಡಳಿಯ ಮೊದಲ ಅಧ್ಯಕ್ಷರಾದರು. ಅಂಥವರು ಮೂವತ್ತು ವರ್ಷದ ತರುಣರಾಗಿದ್ದಾಗ, 1938ರಲ್ಲಿ, ಮೆದಾನ್ ನಗರದ ತಮ್ಮ ವಾರಪತ್ರಿಕೆಯಲ್ಲಿ ಒಂದು ಪ್ರೇಮಕಥೆಯನ್ನು ಧಾರಾವಾಹಿಯಾಗಿ ಪ್ರಕಟಿಸಿದರು. ಅದರ ಹೆಸರು 'ತೆಂಗೆಲಾಮ್ನ್ಯಾ ಕಾಪಾಲ್ ವಾನ್ ಡರ್ ವೈಕ್', ಅಂದರೆ ವಾನ್ ಡರ್ ವೈಕ್ ಹಡಗಿನ ಮುಳುಗಡೆ.

ಬೋಧಕರಿಗೆ ಇದು ತಕ್ಕದ್ದಲ್ಲವೆಂದು ಧಾರ್ಮಿಕ ವಲಯದವರು ಜರೆದರು. ಓದುಗರು ಮಾತ್ರ ಪುಸ್ತಕವನ್ನು ಕೈಬಿಡಲಿಲ್ಲ. ಎಪ್ಪತ್ತೈದು ವರ್ಷಗಳ ತರುವಾಯ, 2013ರ ಡಿಸೆಂಬರಿನಲ್ಲಿ, ಸುನಿಲ್ ಸೊರಾಯಾ ಅವರ ನಿರ್ದೇಶನದಲ್ಲಿ ಈ ಕೃತಿ ಅದೇ ಹೆಸರಿನ ಚಲನಚಿತ್ರವಾಗಿ ತೆರೆಕಂಡಿತು. ಹೆರ್ಜುನೋತ್ ಅಲಿ, ಪೆವಿತಾ ಪಿಯರ್ಸ್ ಹಾಗೂ ರೇಜಾ ರಹಾದಿಯಾನ್ ಮುಖ್ಯ ಪಾತ್ರಗಳಲ್ಲಿ ಅಭಿನಯಿಸಿದ ಈ ಚಿತ್ರವನ್ನು ಆ ದೇಶದಲ್ಲಿ ಹತ್ತು ಲಕ್ಷಕ್ಕೂ ಮೀರಿದ ಜನ ಚಿತ್ರಮಂದಿರಕ್ಕೆ ಹೋಗಿ ನೋಡಿದರು. ಮರುವರ್ಷ ಇನ್ನಷ್ಟು ದೀರ್ಘವಾದ ಆವೃತ್ತಿಯೂ ಬಿಡುಗಡೆಯಾಯಿತು. ಚಿತ್ರ ನೋಡಿ ಬಂದವರು ಹೇಳುವ ಮಾತು ಸಾಮಾನ್ಯವಾಗಿ ಒಂದೇ: ಕುಲಾಚಾರ ಇಬ್ಬರು ಪ್ರೇಮಿಗಳನ್ನು ಅಗಲಿಸಿತು, ಸಮುದ್ರ ಒಬ್ಬಳನ್ನು ನುಂಗಿತು. ಈ ಮಾತು ಅರ್ಧ ನಿಜ. ಉಳಿದ ಅರ್ಧವನ್ನು ನೋಡುವುದಕ್ಕೆ ಮೊದಲು ಆ ನಾಡಿನ ಆಚಾರದ ಪರಿಚಯ ಅಗತ್ಯ.

ಪಶ್ಚಿಮ ಸುಮಾತ್ರಾದ ಮಿನಾಂಗ್‌ಕಬಾವ್ ಜನರದು ಮಾತೃವಂಶೀಯ ಸಮಾಜ. ಕುಲವು ತಾಯಿಯಿಂದ ಬರುತ್ತದೆ. ಪಿತ್ರಾರ್ಜಿತವೆಂದು ನಾವು ಕರೆಯುವ ಆಸ್ತಿ ಅಲ್ಲಿ ಮಾತ್ರಾರ್ಜಿತ; ಹೊಲ, ಮನೆ ಎಲ್ಲವೂ ಹೆಣ್ಣುಮಕ್ಕಳ ಸಾಲಿನಲ್ಲಿ ಇಳಿದುಬರುತ್ತವೆ. ಗಂಡ ಹೆಂಡತಿಯ ಮನೆಗೆ ಬಂದುಹೋಗುವ ಅತಿಥಿಯಂತೆ. ಮಕ್ಕಳ ವಿಷಯದಲ್ಲಿ ಅಧಿಕಾರವಾಣಿ ತಂದೆಯದಲ್ಲ, 'ಮಾಮಕ್' ಎಂದು ಕರೆಯಲಾಗುವ ಸೋದರಮಾವನದು. ತುಳುನಾಡಿನ ಅಳಿಯಸಂತಾನ ಕಟ್ಟನ್ನು ಬಲ್ಲ ಓದುಗರಿಗೆ ಇದು ತೀರ ಹೊಸದೆನಿಸಲಾರದು. ಆದರೆ ಒಂದು ಸೂಕ್ಷ್ಮವನ್ನು ಗಮನಿಸಬೇಕು. ವಂಶ ಹೆಣ್ಣಿನಿಂದ ಬರುತ್ತದೆ ಎಂದ ಮಾತ್ರಕ್ಕೆ ಹೆಣ್ಣಿನ ಮಾತು ನಡೆಯುತ್ತದೆ ಎಂದಲ್ಲ. ಅಳಿಯಸಂತಾನದ ಮನೆಗಳಲ್ಲಿ ಯಜಮಾನಿಕೆ ಸಾಮಾನ್ಯವಾಗಿ ಮಾವನ ಕೈಯಲ್ಲಿ ಇದ್ದಂತೆ, ಮಿನಾಂಗ್‌ಕಬಾವ್ ಮನೆಗಳಲ್ಲಿಯೂ ಹೆಣ್ಣಿನ ಹೆಸರಿನಲ್ಲಿ ಗಂಡಸರ ಸಭೆಯೇ ತೀರ್ಮಾನಿಸುತ್ತಿತ್ತು. ಹಮ್ಕಾ ಅವರ ಕಥೆ ನಿಂತಿರುವುದು ಈ ಸಭೆಯ ಮೇಲೆ.

ಕಥಾನಾಯಕ ಜೈನುದ್ದೀನನ ತಂದೆ ಮಿನಾಂಗ್‌ಕಬಾವ್ ಕುಲದವನು. ಆಸ್ತಿಯ ವ್ಯಾಜ್ಯದಲ್ಲಿ ತನ್ನ ಸೋದರಮಾವನನ್ನೇ ಕೊಂದು, ಜಾವಾದ ಚಿಲಾಚಾಪ್‌ನಲ್ಲಿ ಸೆರೆವಾಸ ಅನುಭವಿಸಿ, ಕೊನೆಗೆ ದೂರದ ಮಕಾಸ್ಸರಿನಲ್ಲಿ ನೆಲೆಸಿದವನು. ತಾಯಿ ಮಕಾಸ್ಸರಿನ ಹೆಣ್ಣು. ಎಳವೆಯಲ್ಲೇ ತಂದೆತಾಯಿಯರನ್ನು ಕಳೆದುಕೊಂಡ ಹುಡುಗನನ್ನು ಬಾಸೆ ಎಂಬ ತಾಯಿಯಂಥ ಮುದುಕಿ ಸಾಕಿದಳು. ಮಕಾಸ್ಸರಿನ ಜನಕ್ಕೆ ಅವನು ಪಾದಾಂಗಿನವನು, ಪರದೇಶಿ. ತಂದೆಯ ನೆಲವನ್ನು ಕಾಣಬೇಕು, ಧರ್ಮವಿದ್ಯೆ ಕಲಿಯಬೇಕು ಎಂಬ ಹಂಬಲದಿಂದ ಅವನು ಬಾತಿಪುಹ್ ಎಂಬ ಊರಿಗೆ ಬಂದರೆ, ಅಲ್ಲಿಯವರಿಗೆ ಅವನು ಮಕಾಸ್ಸರಿನವನು. ತಾಯಿ ಆ ನೆಲದವಳಲ್ಲವಾದ್ದರಿಂದ ಅವನಿಗೆ ಕುಲವಿಲ್ಲ, ಕುಲವಿಲ್ಲದವನಿಗೆ ಮನೆಯಿಲ್ಲ, ಮನೆಯಿಲ್ಲದವನಿಗೆ ಮಾತಿಲ್ಲ. ಇಸ್ಲಾಂ ಧರ್ಮದ ಲೆಕ್ಕದಲ್ಲಿ ಮಗ ತಂದೆಯ ವಂಶದವನು. ಆಚಾರದ ಲೆಕ್ಕದಲ್ಲಿ ತಾಯಿಯ ವಂಶದವನು. ಆಚಾರಕ್ಕೆ ಧರ್ಮವೇ ಆಧಾರವೆಂದು ಗಾದೆ ಕಟ್ಟಿಕೊಂಡ ಜನಾಂಗವದು. ಎರಡರ ನಡುವಿನ ಬಿರುಕಿನಲ್ಲಿ ಬಿದ್ದ ಹುಡುಗನನ್ನು ಎತ್ತಲು ಮಾತ್ರ ಆ ಗಾದೆಗೆ ಆಗಲಿಲ್ಲ.

ಹಯಾತಿಯ ಪರಿಚಯ ಆಗುವುದು ಒಂದು ಮಳೆಯ ದಿನ. ದಾರಿಯಲ್ಲಿ ಸಿಲುಕಿಕೊಂಡ ಅವಳಿಗೂ ಅವಳ ಗೆಳತಿಗೂ ಜೈನುದ್ದೀನ್ ತನ್ನ ಕೊಡೆಯನ್ನು ಕೊಟ್ಟು ತಾನು ನೆನೆಯುತ್ತ ನಿಲ್ಲುತ್ತಾನೆ. ಅಲ್ಲಿಂದ ಮುಂದೆ ಪತ್ರಗಳು. ಇಡೀ ಕಾದಂಬರಿಯ ಜೀವ ಇರುವುದೇ ಈ ಪತ್ರಗಳಲ್ಲಿ. ನೇರವಾಗಿ ಆಡಲಾಗದ ಮಾತನ್ನೆಲ್ಲ ಆ ಎರಡು ಎಳೆಯ ಜೀವಗಳು ಕಾಗದದ ಮೇಲೆ ಆಡುತ್ತವೆ. ಊರಲ್ಲಿ ಸುದ್ದಿ ಹಬ್ಬಿದೊಡನೆ ಹಯಾತಿಯ ಮಾವ ಹುಡುಗನನ್ನು ಕರೆದು ಊರು ಬಿಡುವಂತೆ ಹೇಳುತ್ತಾನೆ. ಅವನು ಪಾದಾಂಗ್ ಪಾಂಜಾಂಗ್ ಪಟ್ಟಣಕ್ಕೆ ಹೋಗುತ್ತಾನೆ. ಕಾಯುವೆನೆಂದು ಹಯಾತಿ ಮಾತು ಕೊಡುತ್ತಾಳೆ.

ಮಾತು ಉಳಿಯಲಿಲ್ಲ. ಗೆಳತಿ ಖದೀಜಾಳ ಮನೆಗೆ ಬಂದ ಹಯಾತಿ ಕುದುರೆ ಪಂದ್ಯದ ಜಾತ್ರೆಗೆ ಹೊಸ ನಮೂನೆಯ ಉಡುಗೆ ತೊಟ್ಟು ಬರುತ್ತಾಳೆ. ಜನಜಂಗುಳಿಯಲ್ಲಿ ಅವಳನ್ನು ಕಂಡ ಜೈನುದ್ದೀನನಿಗೆ ಅವಳ ಗುರುತೇ ತಪ್ಪಿದಂತಾಗುತ್ತದೆ. ಖದೀಜಾಳ ಅಣ್ಣ ಅಜೀಜ್ ಹಣವಂತ, ನೌಕರಿಯಲ್ಲಿರುವವನು, ಎಲ್ಲಕ್ಕಿಂತ ಮಿಗಿಲಾಗಿ ಕುಲವಂತ. ಇಬ್ಬರ ಸಂಬಂಧದ ಪ್ರಸ್ತಾಪವೂ ಹೆಚ್ಚುಕಡಿಮೆ ಒಂದೇ ಸಮಯದಲ್ಲಿ ಹಿರಿಯರ ಮುಂದೆ ಬರುತ್ತದೆ.

ಇಲ್ಲಿ ಹಮ್ಕಾ ಇಟ್ಟಿರುವ ಒಂದು ಚಿಕ್ಕ ವಿವರ ಬಹು ಅರ್ಥವತ್ತಾದುದು. ಬಾಸೆ ತೀರಿಕೊಂಡ ಮೇಲೆ ಜೈನುದ್ದೀನನಿಗೆ ಮಕಾಸ್ಸರಿನಿಂದ ಸಾಕಷ್ಟು ಹಣ ಬಂದಿರುತ್ತದೆ. ಪ್ರಸ್ತಾಪದ ಪತ್ರದಲ್ಲಿ ಅವನು ಅದನ್ನು ನಮೂದಿಸುವುದಿಲ್ಲ. ಹಣಕ್ಕಾಗಿ ಅಲ್ಲ, ತನಗಾಗಿ ತನ್ನನ್ನು ಒಪ್ಪಲಿ ಎಂಬುದು ಅವನ ಆಸೆ. ಅಜೀಜನ ಕಡೆಯವರೋ ಎಲ್ಲವನ್ನೂ ಹೇಳಿಕೊಂಡೇ ಬಂದವರು. ಸಭೆ ಸೇರುತ್ತದೆ, ಎಲೆ ಅಡಿಕೆ ಸುತ್ತುತ್ತದೆ, ತೀರ್ಪು ಹೊರಬೀಳುತ್ತದೆ. ಹಿರಿಯರು ಕೇಳಿದ್ದು ಯಾವ ಕುಲ ಎಂದು. ಹುಡುಗನ ಗುಣ ಎಂಥದು ಎಂದು ಕೇಳಲಿಲ್ಲ. ಹಾಗೆ ಕೇಳಿದ್ದರೆ, ಜೂಜು ಮತ್ತು ದುಂದಿನಲ್ಲಿ ಮುಳುಗಿದ್ದ ಅಜೀಜನ ನಡತೆಯೂ ಬಯಲಿಗೆ ಬರುತ್ತಿತ್ತು.

ಈ ಸಭೆಯ ಪ್ರಸಂಗವನ್ನು ಓದುವಾಗ ಕಲ್ಯಾಣದ ಇನ್ನೊಂದು ವಿವಾಹ ನೆನಪಿಗೆ ಬಾರದೆ ಇರದು. ಸಮಗಾರ ಹರಳಯ್ಯನವರ ಮಗನಿಗೂ ಬ್ರಾಹ್ಮಣ್ಯವನ್ನು ತೊರೆದು ಶರಣರಾದ ಮಧುವರಸರ ಮಗಳಿಗೂ ಹನ್ನೆರಡನೆಯ ಶತಮಾನದಲ್ಲಿ ಮದುವೆ ನಡೆಯಿತೆಂದು ಶರಣ ಪರಂಪರೆ ಹೇಳುತ್ತದೆ. ಆ ಮದುವೆಗೆ ಎಳೆಹೂಟೆಯ ಶಿಕ್ಷೆ ಅನುಭವಿಸಿದವರು ವಧೂವರರ ತಂದೆಯರು. ಎರಡು ಕಥೆಗಳನ್ನು ಒಂದೇ ತಕ್ಕಡಿಯಲ್ಲಿ ತೂಗುವುದು ಸಲ್ಲದು. ಒಂದು ಪರಂಪರೆಯ ನೆನಪು, ಇನ್ನೊಂದು ಕಾದಂಬರಿಕಾರರ ಕಲ್ಪನೆ. ಧರ್ಮ ಬೇರೆ, ಕಾಲ ಬೇರೆ, ಕುಲದ ವ್ಯವಸ್ಥೆಯೇ ಬೇರೆ. ಆದರೂ ಒಂದು ವ್ಯತ್ಯಾಸ ಕಣ್ಣಿಗೆ ಹೊಡೆಯುತ್ತದೆ. ಕಲ್ಯಾಣದಲ್ಲಿ ಕುಲದ ಗೋಡೆಯನ್ನು ಒಡೆದವರು ಹಿರಿಯರು. ಅದರ ಬೆಲೆ ತೆತ್ತವರೂ ಹಿರಿಯರೇ. ಬಾತಿಪುಹ್‌ನಲ್ಲಿ ಆ ಬೆಲೆ ತೆರಲು ಯಾವ ಹಿರಿಯನೂ ಮುಂದಾಗಲಿಲ್ಲ. ಭಾರವೆಲ್ಲ ಹದಿಹರೆಯದ ಹುಡುಗಿಯೊಬ್ಬಳ ತಲೆಯ ಮೇಲೆ ಬಿತ್ತು. ಹಯಾತಿ ಮಾತಿಗೆ ತಪ್ಪಿದಳೆಂದು ಚಿತ್ರ ನೋಡಿದವರಲ್ಲಿ ಅನೇಕರು ಬೇಸರಗೊಳ್ಳುತ್ತಾರೆ. ಅವಳು ತಪ್ಪಿದ್ದು ನಿಜ. ಆದರೆ ಅವಳೂ ತಂದೆತಾಯಿ ಇಲ್ಲದವಳು, ಮಾವನ ಆಶ್ರಯದಲ್ಲಿ ಇರುವವಳು. ಸಭೆ ತೀರ್ಮಾನಿಸಿದ ಮೇಲೆ ಅವಳನ್ನು ಕೇಳಲಾಯಿತು, ತೀರ್ಮಾನಿಸುವುದಕ್ಕೆ ಮೊದಲು ಅಲ್ಲ.

ಮುಂದಿನ ಕಥೆಯನ್ನು ಸಂಕ್ಷೇಪವಾಗಿ ಹೇಳಿದರೆ ಸಾಕು. ಜೈನುದ್ದೀನ್ ಹಾಸಿಗೆ ಹಿಡಿಯುತ್ತಾನೆ. ನೋಡಲು ಬಂದ ಹಯಾತಿಯ ಬೆರಳಿನ ಮದರಂಗಿಯ ಕೆಂಪನ್ನು ಕಂಡಾಗಲೇ ಅವನಿಗೆ ಅವಳು ಪರರ ಹೆಂಡತಿಯಾದಳೆಂಬುದು ಮನದಟ್ಟಾಗುತ್ತದೆ. ಮುಲುಕ್ ಎಂಬ ಗೆಳೆಯ, ಒಂದು ಕಾಲಕ್ಕೆ ಪುಂಡನಾಗಿ ತಿರುಗಿದವನು, ಅವನನ್ನು ಮತ್ತೆ ಬಾಳಿಗೆ ಎಳೆದು ತರುತ್ತಾನೆ. (ಇಡೀ ಕಥೆಯಲ್ಲಿ ನಿಜವಾದ ವಿವೇಕದ ಮಾತುಗಳು ಬರುವುದು ಕುಲವಂತರ ಬಾಯಿಂದಲ್ಲ, ಈ ಮಾಜಿ ಪುಂಡನ ಬಾಯಿಂದ ಎಂಬುದು ಹಮ್ಕಾ ಅವರ ಕುಶಲತೆ.) ಇಬ್ಬರೂ ಜಾವಾಕ್ಕೆ ಹೋಗುತ್ತಾರೆ. ನೊಂದ ಜೀವ ಲೇಖನಿ ಹಿಡಿಯುತ್ತದೆ. ಸುರಬಾಯ ನಗರದಲ್ಲಿ ಜೈನುದ್ದೀನ್ ಬೇರೊಂದು ಹೆಸರಿನಲ್ಲಿ ಪ್ರಖ್ಯಾತ ಲೇಖಕನಾಗುತ್ತಾನೆ. ಅಜೀಜ್ ಕೂಡ ಪತ್ನಿಸಮೇತ ಅದೇ ನಗರಕ್ಕೆ ಬರುತ್ತಾನೆ, ಜೂಜಿನಲ್ಲಿ ಎಲ್ಲವನ್ನೂ ಕಳೆಯುತ್ತಾನೆ, ಕೊನೆಗೆ ತಾನು ತುಳಿದ ಆ ಕುಲಹೀನನ ಮನೆಯಲ್ಲಿಯೇ ಆಶ್ರಯ ಪಡೆಯುತ್ತಾನೆ. ಕೆಲಸ ಹುಡುಕುವ ನೆಪದಲ್ಲಿ ಬಾನ್ಯುವಾಂಗಿಗೆ ಹೋದವನು ಅಲ್ಲಿಂದ ಪತ್ನಿಗೆ ಬಿಡುಗಡೆಯ ಪತ್ರ ಬರೆದು ಆತ್ಮಹತ್ಯೆ ಮಾಡಿಕೊಳ್ಳುತ್ತಾನೆ.

ಈಗ ಅಡ್ಡಿಯೇನೂ ಉಳಿದಿಲ್ಲ. ಹಿರಿಯರ ಸಭೆ ಸಾವಿರ ಮೈಲಿ ದೂರದಲ್ಲಿದೆ. ಹಣವಿದೆ, ಕೀರ್ತಿಯಿದೆ. ಜೈನುದ್ದೀನನ ಓದುವ ಕೋಣೆಯಲ್ಲಿ ಹಯಾತಿಯದೇ ದೊಡ್ಡ ಚಿತ್ರವೊಂದು ಪರದೆಯ ಮರೆಯಲ್ಲಿ ತೂಗುತ್ತಿದೆ. ಹಯಾತಿ ಕ್ಷಮೆ ಬೇಡುತ್ತಾಳೆ. ಹೆಂಡತಿಯಾಗಿ ಅಲ್ಲದಿದ್ದರೆ ಮನೆಯ ಆಳಾಗಿಯಾದರೂ ಇರುವೆನೆನ್ನುತ್ತಾಳೆ. ಅಲ್ಲಿ ಜೈನುದ್ದೀನ್ ಕೊಡುವ ಉತ್ತರವೇ ಈ ಕಥೆಯ ಮರ್ಮಸ್ಥಾನ. ಅವನು ತನ್ನ ಎಲ್ಲ ನೋವನ್ನೂ ಒಂದೊಂದಾಗಿ ಎಣಿಸುತ್ತಾನೆ. ಬಳಿಕ ಆ ನಾಡಿನ ಒಂದು ಗಾದೆಯನ್ನು ಎತ್ತಿಕೊಂಡು, ಇನ್ನೊಬ್ಬರು ಉಂಡು ಬಿಟ್ಟದ್ದನ್ನು ತಾನು ಮುಟ್ಟಲಾರೆನೆಂಬ ಅರ್ಥದ ಮಾತಾಡಿ, ಅವಳನ್ನು ಅವಳ ಊರಿಗೆ ಕಳುಹಿಸುತ್ತಾನೆ.

ಓದುಗರು ಇಲ್ಲಿ ಕ್ಷಣಕಾಲ ನಿಲ್ಲಬೇಕು. ಈ ಮಾತು ಯಾರದು? ಕುಲವಿಲ್ಲವೆಂದು ತಳ್ಳಿಸಿಕೊಂಡ ಅನಾಥನದಲ್ಲ. ಅವನನ್ನು ತಳ್ಳಿದ ಸಭೆಯದು. ಅವರು ಅವನ ಗುಣ ನೋಡದೆ ಹುಟ್ಟು ನೋಡಿದರು. ಇವನು ಅವಳ ಮನಸ್ಸು ನೋಡದೆ ಮೈಯ ಮಡಿ ನೋಡಿದನು. ಅವರು ಆಚಾರದ ಹೆಸರಿನಲ್ಲಿ ತೀರ್ಪು ಕೊಟ್ಟರು. ಇವನೂ ಆಚಾರದ ಗಾದೆಯನ್ನೇ ತೀರ್ಪಾಗಿ ಕೊಟ್ಟನು. ಯಾವ ಕೋಲಿನಿಂದ ಪೆಟ್ಟು ತಿಂದಿದ್ದನೋ ಆ ಕೋಲನ್ನು ಸುರಬಾಯಕ್ಕೂ ಹೊತ್ತು ತಂದಿದ್ದನು. ಪ್ರಸಿದ್ಧಿ ಪಡೆದರೂ ಪುಸ್ತಕ ಬರೆದರೂ ಕೋಲು ಕೈಬಿಡಲಿಲ್ಲ. ಬಾತಿಪುಹ್‌ನ ಹಿರಿಯರು ಹಯಾತಿಯನ್ನು ಅವನಿಂದ ಒಮ್ಮೆ ಕಸಿದುಕೊಂಡರು. ಎರಡನೆಯ ಬಾರಿ ಅವಳನ್ನು ಕಳೆದುಕೊಂಡದ್ದು ಅವನ ಸ್ವಂತ ಅಭಿಮಾನದಿಂದ. ಹಡಗು ಮುಳುಗದೆ ಅವಳು ಕ್ಷೇಮವಾಗಿ ಊರು ಸೇರಿದ್ದರೂ ಈ ನಷ್ಟ ನಷ್ಟವೇ ಆಗಿರುತ್ತಿತ್ತು.

ಹಮ್ಕಾ ಇದನ್ನು ಅರಿತೇ ಬರೆದಿದ್ದಾರೆ. ಹಯಾತಿಯನ್ನು ಕಳುಹಿಸಿದ ಮೇಲೆ ನಾಯಕನಿಗೆ ನೆಮ್ಮದಿಯಿಲ್ಲ. ಮುಲುಕ್ ಅವನನ್ನು ಮೆಚ್ಚಿಕೊಳ್ಳುವುದಿಲ್ಲ. ಅವಳ ಹಿಂದೆಯೇ ಹೊರಡಬೇಕೆಂದು ಅವನು ಸಿದ್ಧನಾಗುವ ಹೊತ್ತಿಗೆ ದುರಂತದ ವಾರ್ತೆ ಬರುತ್ತದೆ. ಕಾದಂಬರಿಯಲ್ಲಿ ಅವನು ಬಹುಕಾಲ ಬದುಕುವುದೂ ಇಲ್ಲ. ಕೊರಗಿ ಸತ್ತು ಅವಳ ಸಮಾಧಿಯ ಪಕ್ಕದಲ್ಲಿಯೇ ಮಣ್ಣಾಗುತ್ತಾನೆ. ಗೆದ್ದವನ ಕಥೆಯನ್ನು ಯಾವ ಲೇಖಕನೂ ಹೀಗೆ ಮುಗಿಸುವುದಿಲ್ಲ.

ಚಲನಚಿತ್ರದ ಕೊರತೆ ಇರುವುದು ಇಲ್ಲಿಯೇ. ಸುಮಾತ್ರಾದ ಹಸಿರು ಗದ್ದೆಗಳು, ಎಮ್ಮೆಯ ಕೊಂಬಿನಂತೆ ಬಾಗಿದ ಚಾವಣಿಯ ಮನೆಗಳು, ಕುದುರೆ ಪಂದ್ಯದ ಗದ್ದಲ, ಹಡಗಿನ ಮುಳುಗಡೆ ಎಲ್ಲವೂ ಕಣ್ಣಿಗೆ ಹಬ್ಬ. ಹೆರ್ಜುನೋತ್ ಅಲಿ ಅವರ ಮಾತಿನ ಧಾಟಿಯಲ್ಲಿ ಮಕಾಸ್ಸರಿನ ಛಾಯೆ ಉಳಿದಿರುವುದು ಸೊಗಸು. ಬಾಯಿ ತೆರೆದೊಡನೆ ಪರಊರಿನವನೆಂದು ಗುರುತಾಗುವ ಸಂಕಟ ಅದರಿಂದ ಕಿವಿಗೇ ತಲುಪುತ್ತದೆ. ಆದರೆ ಸುರಬಾಯದ ಭಾಗಕ್ಕೆ ಬಂದೊಡನೆ ಚಿತ್ರ ಭವ್ಯ ಬಂಗಲೆ, ಕಾರು, ಸಂಗೀತ, ಔತಣಗಳಲ್ಲಿ ಮೈಮರೆಯುತ್ತದೆ. ಬಡವ ಶ್ರೀಮಂತನಾಗಿ, ತುಳಿದವರ ಮುಂದೆ ನಿಂತು ಮಾತಾಡುವ ದೃಶ್ಯ ಯಾವ ದೇಶದ ಪ್ರೇಕ್ಷಕನಿಗೂ ಪ್ರಿಯ. ಆ ತಿರಸ್ಕಾರದ ಸಂಭಾಷಣೆ ಚಿತ್ರದ ಅತ್ಯಂತ ಜನಪ್ರಿಯ ಭಾಗವಾಯಿತು. ಯುವಕರು ಅದನ್ನು ಬಾಯಿಪಾಠ ಮಾಡಿಕೊಂಡು ಆಡತೊಡಗಿದರು. ಕಾದಂಬರಿಕಾರರು ಪತನವೆಂದು ಬರೆದದ್ದು ತೆರೆಯ ಮೇಲೆ ಪರಾಕ್ರಮವಾಗಿ ಕಂಡಿತು. ದೋಷ ನಟರದಲ್ಲ. ಕ್ಯಾಮೆರಾ ಯಾರ ಮುಖದ ಮೇಲೆ ಹೆಚ್ಚು ಹೊತ್ತು ನಿಲ್ಲಬೇಕು ಎಂಬ ಆಯ್ಕೆ ನಿರ್ದೇಶಕರದು. ಆ ಹೊತ್ತಿನಲ್ಲಿ ಅದು ಹಯಾತಿಯ ಮುಖದ ಮೇಲೆ ನಿಂತಿದ್ದರೆ ಚಪ್ಪಾಳೆ ಕಡಿಮೆಯಾಗುತ್ತಿತ್ತು, ಕಥೆ ಉಳಿಯುತ್ತಿತ್ತು.

ಕೃತಿಯ ಮೇಲೆ ಬಂದ ಇನ್ನೊಂದು ಆಪಾದನೆಯನ್ನೂ ಮರೆಮಾಚಬೇಕಾಗಿಲ್ಲ. 1962ರಲ್ಲಿ ಎಡಪಂಥೀಯ ಪತ್ರಿಕೆಯೊಂದು ಇದು ಕೃತಿಚೌರ್ಯವೆಂದು ಬರೆಯಿತು. ಫ್ರೆಂಚ್ ಲೇಖಕ ಅಲ್ಫೋನ್ಸ್ ಕಾರ್ ಅವರ ಕಾದಂಬರಿಯನ್ನು ಈಜಿಪ್ತಿನ ಅಲ್ ಮನ್‌ಫಲೂತಿ ಅರಬ್ಬಿಗೆ ರೂಪಾಂತರಿಸಿದ್ದರು. ಹಮ್ಕಾ ಅದರಿಂದ ಕದ್ದರೆಂಬುದು ಆರೋಪ. ವಿಮರ್ಶಕ ಎಚ್. ಬಿ. ಯಾಸಿನ್ ಹಮ್ಕಾ ಅವರ ಪರವಾಗಿ ನಿಂತರು. ಪ್ರೇಮಪತ್ರಗಳ ವಿನ್ಯಾಸದಲ್ಲಿ, ಕೆಲವು ಸನ್ನಿವೇಶಗಳಲ್ಲಿ ಅರಬ್ಬಿ ಕೃತಿಯ ನೆರಳು ಇರುವುದು ಹೌದು. ಆದರೆ ತಾಯಿಯ ಕುಲವಿಲ್ಲದ ಮಗ, ಸೋದರಮಾವಂದಿರ ಸಭೆ, ಎರಡು ಊರಿನಲ್ಲೂ ಪರದೇಶಿಯಾದವನ ಸಂಕಟ, ಇವನ್ನು ಫ್ರಾನ್ಸಿನಿಂದಾಗಲಿ ಈಜಿಪ್ತಿನಿಂದಾಗಲಿ ತರಲು ಸಾಧ್ಯವಿರಲಿಲ್ಲ. ಇವು ಮನಿಂಜಾವ್ ಸರೋವರದ ಸುತ್ತಲಿನ ಮನೆಗಳಲ್ಲಿ ಕಣ್ಣಾರೆ ಕಂಡ ಸಂಗತಿಗಳು. ಹಮ್ಕಾ ಹನ್ನೆರಡರ ಬಾಲಕನಾಗಿದ್ದಾಗಲೇ ಅವರ ತಂದೆತಾಯಿಯರ ದಾಂಪತ್ಯ ಮುರಿದಿತ್ತು. ಆಚಾರದ ಮನೆಯಲ್ಲಿ ಮಕ್ಕಳ ಪಾಡು ಏನಾಗುತ್ತದೆ ಎಂಬುದನ್ನು ಅವರಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ.

ಮೊದಲ ಪ್ರಶ್ನೆಗೆ ಉತ್ತರವೂ ಇದರಲ್ಲಿಯೇ ಇದೆ. ಬೋಧನೆಯ ಪೀಠದಿಂದ ಇದೇ ಹಿರಿಯರ ಮುಂದೆ ಹಮ್ಕಾ ಆಚಾರವನ್ನು ಖಂಡಿಸಿದ್ದರೆ ಅವರು ತಲೆಯಾಡಿಸಿ ಮನೆಗೆ ಹೋಗಿ ಎಂದಿನಂತೆ ಎಲೆ ಅಡಿಕೆ ಸುತ್ತಿಸುತ್ತಿದ್ದರು. ಹಿರಿಯರ ಮನೆಯ ಹೆಣ್ಣುಮಕ್ಕಳು ಕದ್ದು ಓದಿ ಅತ್ತದ್ದು ಪ್ರವಚನಕ್ಕಲ್ಲ, ಹಯಾತಿಗಾಗಿ.

ಇನ್ನು ಹಡಗಿನ ವಿಚಾರ. ಅದು ಕಲ್ಪನೆಯಲ್ಲ. ಹಿಂದಿನ ಡಚ್ ಗವರ್ನರ್ ಜನರಲ್ ಒಬ್ಬರ ಹೆಸರು ಹೊತ್ತಿದ್ದ ವಾನ್ ಡರ್ ವೈಕ್ 1921ರಲ್ಲಿ ರಾಟರ್‌ಡ್ಯಾಮಿನಲ್ಲಿ ನಿರ್ಮಾಣವಾದ ಪ್ರಯಾಣಿಕರ ಹಡಗು. 1936ರ ಅಕ್ಟೋಬರಿನಲ್ಲಿ ಸುರಬಾಯದಿಂದ ಹೊರಟು, ಜಾವಾದ ಉತ್ತರ ಕರಾವಳಿಯ ಲಾಮೊಂಗಾನ್ ಸಮೀಪ ರಾತ್ರಿಯ ವೇಳೆ ಮುಳುಗಿತು. ಹಮ್ಕಾ ತಮ್ಮ ನಾಯಕಿಯನ್ನು ಈ ಹಡಗನ್ನೇ ಹತ್ತಿಸಿದರು. ನೀರಿನಿಂದ ಎತ್ತಿ ತಂದ ಹಯಾತಿ ಆಸ್ಪತ್ರೆಯ ಮಂಚದ ಮೇಲೆ ಮಲಗಿರುವಾಗ ಜೈನುದ್ದೀನ್ ಧಾವಿಸಿ ಬರುತ್ತಾನೆ. ಅವಳ ಕೋರಿಕೆಯಂತೆ ಅವಳ ಕಿವಿಯಲ್ಲಿ ಧರ್ಮಸಾಕ್ಷಿಯ ವಾಕ್ಯಗಳನ್ನು ಉಚ್ಚರಿಸುತ್ತಾನೆ. ಅವಳು ಕಣ್ಣು ಮುಚ್ಚುತ್ತಾಳೆ.

ನಿಜವಾದ ದುರಂತದಲ್ಲಿ ನೀರಿಗೆ ಬಿದ್ದವರನ್ನು ಕಾಪಾಡಲು ಮೊದಲು ದೋಣಿ ಇಳಿಸಿದವರು ಆ ತೀರದ ಮೀನುಗಾರರು. ಡಚ್ಚರೋ ಜಾವಾದವರೋ ಸುಮಾತ್ರಾದವರೋ, ಕೈಗೆ ಸಿಕ್ಕವರನ್ನೆಲ್ಲ ಅವರು ದಡಕ್ಕೆ ತಂದರು. ಅವರ ಉಪಕಾರ ಸ್ಮರಣೆಗಾಗಿ ಬ್ರೊಂಡೊಂಗ್ ಎಂಬ ಮೀನುಗಾರರ ಊರಿನಲ್ಲಿ ಒಂದು ಸ್ಮಾರಕವನ್ನು ಕಟ್ಟಲಾಯಿತು. ಡಚ್ ಭಾಷೆಯಲ್ಲಿಯೂ ಸ್ಥಳೀಯರ ಭಾಷೆಯಲ್ಲಿಯೂ ಅದರ ಮೇಲೆ ಕೃತಜ್ಞತೆಯ ಬರಹವಿದೆ.